ವರ್ಕಲದ ಕಡಲಗೋಡೆ: ನೆತ್ತಿಯ ಕೆಂಪು ಬೇರೆ ಕಾಲದ್ದೇ?

ಪ್ರಶ್ನೆ:
ಕೇರಳದ ವರ್ಕಲದಲ್ಲಿ ಕಡಲಿಗೆ ಮುಖಮಾಡಿ ನಿಂತ ಕಡಿದಾದ ಗೋಡೆಯನ್ನು ಮರಳದಂಡೆಯಿಂದ ನೋಡಿದರೆ ನೆತ್ತಿಯಲ್ಲಿ ಇಟ್ಟಿಗೆಗೆಂಪು, ನಡುವೆ ಹಳದಿ ಮತ್ತು ಬಿಳಿ, ಕೆಳಗೆ ಅಲ್ಲಲ್ಲಿ ಬೂದುಗಪ್ಪು ಕಾಣುತ್ತದೆ. ಮೇಲಿನ ಪದರ ಹೊಸದು, ಕೆಳಗಿನದು ಹಳೆಯದು ಎಂಬ ನಿಯಮವನ್ನು ಹಿಡಿದು, ಒಂದೊಂದು ಬಣ್ಣವನ್ನೂ ಒಂದೊಂದು ಕಾಲದ ಸಂಚಯವೆಂದು ಓದಬಹುದೇ? ಗೋಡೆಯ ಬುಡದಲ್ಲಿ ಸಿಹಿನೀರು ಒಸರುವುದಕ್ಕೂ ಇದಕ್ಕೂ ಸಂಬಂಧವಿದೆಯೇ?

ಉತ್ತರ 1:
ನಿಯಮ ಸರಿ, ಅದನ್ನು ಬಣ್ಣಕ್ಕೆ ಹಚ್ಚುವುದು ಸರಿಯಲ್ಲ. ಇಲ್ಲಿ ಸಂಚಯಗೊಂಡದ್ದು ಮರಳುಗಲ್ಲು, ಜೇಡಿ ಮತ್ತು ತೆಳುವಾದ ಲಿಗ್ನೈಟ್ (ಕಂದು ಕಲ್ಲಿದ್ದಲು) ಎಳೆಗಳು. ಭಾರತೀಯ ಭೂವೈಜ್ಞಾನಿಕ ಸರ್ವೇಕ್ಷಣೆಯ ವಿಲಿಯಂ ಕಿಂಗ್ 1882ರಲ್ಲಿ ವರ್ಣಿಸಿದ ಈ ಶಿಲಾಸಮೂಹವನ್ನು ಇಂದು ವರ್ಕಲೈ ರಚನೆ ಎನ್ನುತ್ತಾರೆ. ಕಪ್ಪು ಜೇಡಿಯ ಬಣ್ಣ ಮಾತ್ರ ಹುಟ್ಟಿನಿಂದಲೇ ಬಂದದ್ದು, ಏಕೆಂದರೆ ಜೌಗಿನಲ್ಲಿ ಹೂತುಹೋದ ಸಸ್ಯದ ಅವಶೇಷ ಅದರಲ್ಲಿದೆ. ನೆತ್ತಿಯ ಕೆಂಪಾದರೋ ಜಂಬಿಟ್ಟಿಗೆ, ನಮ್ಮ ಕರಾವಳಿಯವರ ಮುರಕಲ್ಲು. ಅದು ಮೇಲೆ ಬಂದು ಕೂತ ಪದರವಲ್ಲ. ಬಿಸಿಲು ಮಳೆಗಳ ನಡುವೆ ಸಿಲಿಕಾದ ಒಂದಷ್ಟು ಭಾಗ ಕರಗಿ ಹರಿದುಹೋಗಿ, ಕಬ್ಬಿಣ ಮತ್ತು ಅಲ್ಯುಮಿನಿಯಂ ಆಕ್ಸೈಡುಗಳು ಉಳಿದು, ಅದೇ ಮರಳು ಜೇಡಿಗಳು ಮಾರ್ಪಟ್ಟ ರೂಪ. ಆದ್ದರಿಂದ ಕೆಂಪಿನ ಕೆಳ ಅಂಚು ಪದರದ ಗೆರೆಯನ್ನು ಅನುಸರಿಸಬೇಕಾಗಿಲ್ಲ. ಅದು ಏರಿಳಿಯುತ್ತಾ, ಕೆಳಗಿನ ಹಳದಿಯೊಳಕ್ಕೆ ಮಸುಕಾಗಿ ಬೆರೆಯಬಹುದು.

ಉತ್ತರ 2:
ಕಾಲದ ವಿಷಯಕ್ಕೆ ಒಂದು ಮಾತು. ವರ್ಕಲೈ ರಚನೆಯ ಕೆಳಗೆ ಕ್ವಿಲಾನ್ (ಇಂದಿನ ಕೊಲ್ಲಂ) ಸುಣ್ಣಶಿಲೆ ಇದೆ. ಅದರಲ್ಲಿರುವ ಕಡಲಜೀವಿಗಳ ಪಳೆಯುಳಿಕೆಗಳಿಂದ ಅದು ಮಯೋಸೀನ್ ಯುಗದ್ದೆಂದು (ಸುಮಾರು 2.3 ಕೋಟಿಯಿಂದ 53 ಲಕ್ಷ ವರ್ಷಗಳ ಹಿಂದಿನ ಕಾಲ) ತಿಳಿಯುತ್ತದೆ. ಅದರ ಮೇಲಿರುವುದರಿಂದ ವರ್ಕಲೈ ಪದರಗಳು ಅದಕ್ಕಿಂತ ಈಚಿನವು. ನಿಮ್ಮ ನಿಯಮ ಕೆಲಸಕ್ಕೆ ಬರುವುದು ಇಲ್ಲಿ.

ಪ್ರಶ್ನೆ ಕೇಳಿದವರು:
ಹಾಗಾದರೆ ನೀರು?

ಉತ್ತರ 1:
ಜಂಬಿಟ್ಟಿಗೆಯ ರಂಧ್ರಗಳಲ್ಲೂ ಮರಳುಗಲ್ಲಿನಲ್ಲೂ ಇಂಗಿದ ಮಳೆನೀರು ಜೇಡಿಯನ್ನು ಮುಟ್ಟಿದಾಗ ಮುಂದೆ ಇಳಿಯಲಾರದೆ ಅಡ್ಡಕ್ಕೆ ಸರಿದು, ಗೋಡೆ ತೆರೆದುಕೊಂಡಲ್ಲಿ ಸೆಲೆಯಾಗಿ ಹೊರಬೀಳುತ್ತದೆ. ನೆನೆದ ಜೇಡಿ ಜಾರುಮಣೆಯಂತಾಗುತ್ತದೆ. ಗೋಡೆ ಕುಸಿದಾಗ ಎಲ್ಲರೂ ಅಲೆಯನ್ನೇ ದೂರುತ್ತಾರೆ. ಅಲೆ ಬುಡವನ್ನು ಕೊರೆಯುವುದು ನಿಜವಾದರೂ, ಮೇಲಿನಿಂದ ಇಂಗಿ ಮರಳುಗಲ್ಲಿನ ತೂಕ ಹೆಚ್ಚಿಸುವ ಈ ನೀರಿನ ಪಾಲನ್ನು ಕಡೆಗಣಿಸುವಂತಿಲ್ಲ.