ದೀರ್ಘಕಾಲದ ಕಾಯಿಲೆಯುಳ್ಳವರ ಪಟ್ಟಿ: ಭಾನುವಾರದೊಳಗೆ ತೀರ್ಮಾನವಾಗಬೇಕು

ಸಂಘದ ಕಾರ್ಯದರ್ಶಿ: ಕೋವಿಡ್ ಸಾಂಕ್ರಾಮಿಕವು ನಮ್ಮ ಬಡಾವಣೆಗೂ ಕಾಲಿಟ್ಟಿರುವುದರಿಂದ ಸಕ್ಕರೆ ಕಾಯಿಲೆ, ರಕ್ತದೊತ್ತಡ, ಹೃದಯ, ಮೂತ್ರಪಿಂಡ ಅಥವಾ ಶ್ವಾಸಕೋಶದ ತೊಂದರೆ ಇರುವವರು ತಿಳಿಸಬೇಕೆಂದು ಕಳೆದ ವಾರ ಕೋರಿದ್ದೆವು. ಬಂದ ಉತ್ತರಗಳು ಬೆರಳೆಣಿಕೆಯಷ್ಟು.

ಎರಡನೇ ಅಡ್ಡರಸ್ತೆಯ ನಿವಾಸಿ: ಮನೆಯವರ ಕಾಯಿಲೆಯನ್ನು ಎಲ್ಲರ ಕಣ್ಣಿಗೆ ಬೀಳುವಂತೆ ಇಲ್ಲಿ ಬರೆಯಲು ಯಾರಿಗಾದರೂ ಅಳುಕಿರುತ್ತದೆ. ಅಲ್ಲದೆ ನಮ್ಮ ತಂದೆಯವರ ಸಕ್ಕರೆ ಹತೋಟಿಯಲ್ಲಿಯೇ ಇದೆ; ಅವರನ್ನೂ ಸೇರಿಸಬೇಕೆ?

ನಿವೃತ್ತ ಶುಶ್ರೂಷಕಿ: ಸೇರಿಸಬೇಕು, ಆದರೆ ಹತೋಟಿಯಲ್ಲಿರುವುದೇ ಅವರಿಗೆ ದೊಡ್ಡ ರಕ್ಷಣೆ. ಸಕ್ಕರೆ ಬಹುಕಾಲ ಏರಿಕೊಂಡೇ ಇದ್ದರೆ ರೋಗಾಣುಗಳನ್ನು ನುಂಗಬೇಕಾದ ಬಿಳಿ ರಕ್ತಕಣಗಳು ಮಂಕಾಗುತ್ತವೆ. ಸೋಂಕು ತಗುಲಿದ ಮೇಲೆ ದೇಹದಲ್ಲಿ ಹೆಚ್ಚುವ ಒತ್ತಡದ ಹಾರ್ಮೋನುಗಳು ಅದನ್ನು ಇನ್ನಷ್ಟು ಏರಿಸುತ್ತವೆ, ಉಸಿರಾಟ ಕುಸಿದಾಗ ಅನಿವಾರ್ಯವಾಗಿ ಕೊಡುವ ಸ್ಟೀರಾಯ್ಡ್ ಕೂಡ ಅದೇ ಕೆಲಸ ಮಾಡುತ್ತದೆ. ಮೈಭಾರವನ್ನು ನಾವು ಕಾಯಿಲೆಯೆಂದೇ ಎಣಿಸುವುದಿಲ್ಲ. ಆದರೆ ಹೊಟ್ಟೆಯ ಬೊಜ್ಜು ವಪೆಯನ್ನು (ಎದೆ, ಹೊಟ್ಟೆಗಳ ನಡುವಿನ ಉಸಿರಾಟದ ಸ್ನಾಯುವನ್ನು) ಮೇಲಕ್ಕೊತ್ತಿ ಶ್ವಾಸಕೋಶದ ತಳಭಾಗವನ್ನು ಪೂರ್ತಿ ಅರಳಗೊಡುವುದಿಲ್ಲ ಮತ್ತು 2009ರ ಎಚ್1ಎನ್1 ಜ್ವರದ ಕಾಲದಲ್ಲಿಯೇ ಸ್ಥೂಲಕಾಯದವರಲ್ಲಿ ಅಪಾಯ ಹೆಚ್ಚೆಂಬುದು ವೈದ್ಯರ ಗಮನಕ್ಕೆ ಬಂದಿತ್ತು. ಡಯಾಲಿಸಿಸ್ ಮಾಡಿಸಿಕೊಳ್ಳುವವರ ಪಾಡು ಬೇರೆಯೇ: ಸಾಮಾನ್ಯವಾಗಿ ವಾರಕ್ಕೆ 3 ಬಾರಿ ಆಸ್ಪತ್ರೆಗೆ ಹೋಗಲೇಬೇಕಾದವರಿಗೆ ಮನೆಯಲ್ಲಿಯೇ ಇರಿ ಎಂದರೆ ಏನು ಪ್ರಯೋಜನ?

ಕೊನೆಯ ಮನೆಯ ನಿವಾಸಿ: ರಕ್ತದೊತ್ತಡದ ಮಾತ್ರೆಯೇ ಸೋಂಕನ್ನು ಉಲ್ಬಣಗೊಳಿಸುತ್ತದೆಂದು ಓದಿ ನಾನು 4 ದಿನಗಳಿಂದ ನಿಲ್ಲಿಸಿದ್ದೇನೆ.

ನಿವೃತ್ತ ಶುಶ್ರೂಷಕಿ: ದಯವಿಟ್ಟು ಇಂದೇ ನಿಮ್ಮ ವೈದ್ಯರಿಗೆ ಕರೆಮಾಡಿ ತಿಳಿಸಿ. ಆ ಸುದ್ದಿ 2020ರಲ್ಲಿಯೇ ಹಬ್ಬಿತ್ತು. ಮಾತ್ರೆಯನ್ನು ತಾವಾಗಿಯೇ ಬಿಡಬಾರದೆಂದು ಹೃದ್ರೋಗ ತಜ್ಞರ ಸಂಘಗಳು ಆಗಲೇ ಹೇಳಿದ್ದವು, ಅನಂತರದ ಪ್ರಯೋಗಗಳಲ್ಲಿಯೂ ಆ ಭಯಕ್ಕೆ ಆಧಾರ ದೊರೆಯಲಿಲ್ಲ. ನನಗೆ ಹೆಚ್ಚು ಚಿಂತೆಯಿರುವುದು ಎಂದೂ ಪರೀಕ್ಷೆ ಮಾಡಿಸಿಕೊಳ್ಳದೆ ತಮಗೇನೂ ಇಲ್ಲವೆಂದು ನಂಬಿರುವವರ ಬಗ್ಗೆ. ಇನ್ನೊಂದು ಮಾತು: ನಿನ್ನೆ ಕೆಳಮನೆಯ ಹಿರಿಯರೊಬ್ಬರ ಬೆರಳಿಗೆ ರಕ್ತದ ಆಮ್ಲಜನಕ ಅಳೆಯುವ ಆಕ್ಸಿಮೀಟರ್ ಸಿಕ್ಕಿಸಿದಾಗ ಶೇ. 89 ತೋರಿಸಿ ಎಲ್ಲರೂ ಗಾಬರಿಯಾದರು, ಬೆರಳು ತಣ್ಣಗಿತ್ತು, ಅಂಗೈ ಉಜ್ಜಿ ಬೆಚ್ಚಗಾದ ಮೇಲೆ 96 ಬಂತು. ಬೆಚ್ಚಗಾದ ಬೆರಳಿನಲ್ಲಿಯೂ ಅಂಕಿ ಏರದಿದ್ದರೆ, ಉಸಿರು ಕಟ್ಟದಿದ್ದರೂ ಕಾಯುತ್ತ ಕೂರಬಾರದು.

ಸಂಘದ ಕಾರ್ಯದರ್ಶಿ: ಹಾಗಾದರೆ ಪಟ್ಟಿ ಕಾಗದದಲ್ಲಿರಲಿ, ಶುಶ್ರೂಷಕಿಯವರ ಬಳಿ ಮಾತ್ರ ಇರಲಿ. ಕಾಯಿಲೆ, ನುಂಗುವ ಮಾತ್ರೆಗಳು, ಅವು ಎಷ್ಟು ದಿನಕ್ಕಾಗುತ್ತವೆ ಎಂಬಷ್ಟನ್ನು ಬರೆದು ಲಕೋಟೆಯಲ್ಲಿ ಕೊಡಿ. 15 ದಿನಕ್ಕಿಂತ ಕಡಿಮೆ ಉಳಿದಿರುವ ಮನೆಗಳಿಗೆ ಔಷಧ ತಂದುಕೊಡಲು ಇಬ್ಬರು ಯುವಕರು ಒಪ್ಪಿದ್ದಾರೆ.