ಕಲ್ಪಿತ ಲೋಕದ ಮಂತ್ರ ಯಾವ ಭಾಷೆಯಲ್ಲಿರಬೇಕು?

ಏರಿಹಾದಿ: ನಾನೊಂದು ಕಲ್ಪಿತ ಲೋಕದ ಕಾದಂಬರಿ ಬರೆಯುತ್ತಿದ್ದೇನೆ. ಅಲ್ಲೊಂದು ದೊಡ್ಡ ಕೆರೆ. ಮಳೆಗಾಲದಲ್ಲಿ ಏರಿ ಒಡೆಯಬಾರದು ಅಂತ ಒಂದು ಮನೆತನದವರು ಏಳು ರಾತ್ರಿ ಏರಿಯ ಮೇಲೆ ಕೂತು ಪದ್ಯ ಹೇಳುತ್ತಾರೆ. ಆ ಪದ್ಯಕ್ಕೆ ಅಂತಲೇ ಒಂದು ಭಾಷೆ ಕಟ್ಟಿದೆ. ಮುನ್ನೂರು ಪದ, ವ್ಯಾಕರಣ ಎಲ್ಲ ಸೇರಿ ಎರಡು ವರ್ಷ ಹಿಡಿಯಿತು. ಕರಡು ಓದಿದ ನಾಲ್ವರು ಗೆಳೆಯರೂ ಆ ಪುಟಗಳನ್ನು ಓದದೆ ಮುಂದೆ ಹೋಗಿದ್ದಾರೆ. ತುಂಬಾ ಬೇಜಾರಾಯಿತು. ಪದ್ಯವನ್ನು ಕನ್ನಡದಲ್ಲೇ ಬರೆಯಲಾ? ಬರೆದರೆ ಅದು ಮಂತ್ರ ಅನ್ನಿಸುತ್ತದಾ?

ಮುಂಗಾರುಮನೆ: ಭಾಷೆ ಬಿಡಬೇಡಿ ಸರ್. ಮದುವೆಮನೆಯಲ್ಲಿ ಪುರೋಹಿತರು ಹೇಳುವುದು ನಮಗೆಷ್ಟು ಅರ್ಥ ಆಗುತ್ತದೆ? ಆದರೂ ತಾಳಿ ಕಟ್ಟುವ ಹೊತ್ತಿಗೆ ಆ ದನಿ ಜೋರಾಯಿತು ಅಂದರೆ ಅಕ್ಷತೆ ಹಿಡಿದ ಕೈ ತಾನಾಗೇ ಮೇಲೇಳುತ್ತದೆ. ಪಾರ್ಸಿಗಳ ಪವಿತ್ರ ಹಾಡುಗಳಾದ ಗಾಥೆಗಳನ್ನೇ ನೋಡಿ. 17 ಹಾಡು. ಅವು ಇರುವ ಅವೆಸ್ತಾ ಭಾಷೆಯನ್ನು ಜನ ಮಾತಾಡುವುದು ನಿಂತು ಎಷ್ಟೋ ಕಾಲ ಆಯಿತು. ಎಷ್ಟೋ ಸಾಲುಗಳ ಅರ್ಥದ ಬಗ್ಗೆ ವಿದ್ವಾಂಸರಿಗೆ ಇವತ್ತಿಗೂ ಒಮ್ಮತವಿಲ್ಲ. ಅವರ ಪೂಜೆಯಲ್ಲಿ ಅವು ಇಂದಿಗೂ ಇವೆ.

ಜಾಲಿಮರ: ಮದುವೆಮನೆಯಲ್ಲಿ ದನಿ ಕಿವಿಗೆ ಬೀಳುತ್ತದೆ. ಪುಸ್ತಕದಲ್ಲಿ ಏನು ಬೀಳುತ್ತದೆ? ಬರೀ ಅಕ್ಷರ. ಅರ್ಥವಾಗದ ಎಂಟು ಸಾಲು ಕಣ್ಣಿಗೆ ಬಿದ್ದರೆ ನಾನೂ ಮುಂದಕ್ಕೆ ಹೋಗುತ್ತೇನೆ.

ಸ್ವರದ ಹುಡುಗಿ: ಜಾಲಿಮರ ಹೇಳಿದ್ದು ಸರಿ. ನನ್ನ ಅಜ್ಜನ ಹತ್ತಿರ ಸ್ವಲ್ಪ ವೇದ ಕಲಿತವಳು ನಾನು, ಅದಕ್ಕೇ ಹೇಳುತ್ತೇನೆ: ಓದುಗರಿಗೆ ಪದಕ್ಕಿಂತ ಕಾವಲು ತೋರಿಸಿ. ಘನಪಾಠ ಅಂತ ವೇದ ಹೇಳುವ ಒಂದು ಕ್ರಮ ಇದೆ. ಅದರಲ್ಲಿ ಮೂರು ಪದ ಇದ್ದರೆ ಒಂದು-ಎರಡು, ಎರಡು-ಒಂದು, ಒಂದು-ಎರಡು-ಮೂರು, ಮೂರು-ಎರಡು-ಒಂದು, ಮತ್ತೆ ಒಂದು-ಎರಡು-ಮೂರು, ಹೀಗೆ ಹಿಂದೆ ಮುಂದೆ ಹೆಣೆದು ಹೇಳುತ್ತಾರೆ. ಯಾಕೆ? ಒಂದು ಪದ ಜಾರಿದರೂ ಅಲ್ಲೇ ಸಿಕ್ಕಿಬೀಳಲಿ ಅಂತ. ಸ್ವರ ಎಲ್ಲಿ ಏರಬೇಕು, ಎಲ್ಲಿ ಇಳಿಯಬೇಕು ಅನ್ನುವುದನ್ನು ಅಜ್ಜ ನನ್ನ ತಲೆ ಹಿಡಿದು ಮೇಲೆ ಕೆಳಗೆ ಆಡಿಸಿ ಕಲಿಸಿದರು. ನಿಮ್ಮ ಏರಿಯ ಮೇಲೆ ಒಬ್ಬ ಹುಡುಗ ಒಂದು ಪದ ತಪ್ಪಲಿ. ಎಲ್ಲರೂ ಸುಮ್ಮನಾಗಲಿ. ಮತ್ತೆ ಮೊದಲಿಂದ ಶುರುವಾಗಲಿ. ಅಷ್ಟು ಸಾಕು, ಓದುಗರಿಗೆ ಭಯ ಬರುತ್ತದೆ.

ಕಂಸಾಳೆ ಮೊಮ್ಮಗ: ಅಕ್ಕ, ಒಂದು ಮಾತು. ಪವಿತ್ರ ಅಂದರೆ ಅಲುಗಾಡದ್ದು ಅಂತ ಯಾಕೆ ಅಂದುಕೊಳ್ಳಬೇಕು? ನಮ್ಮ ತಾತ ಮಾದಪ್ಪನ ದೇವರಗುಡ್ಡ, ಅಂದರೆ ಅವನ ಕಥೆ ಹಾಡುವ ಭಕ್ತ. ಮಲೆ ಮಾದೇಶ್ವರನ ಕಥೆಯನ್ನು ಸಾಲು ಸಾಲಾಗಿ ಹಾಡುತ್ತಿದ್ದರು. ಸಂಕಮ್ಮನ ಸಾಲು ಒಂದು ಊರಲ್ಲಿ ಎರಡು ಗಂಟೆಗೆ ಮುಗಿದರೆ ಇನ್ನೊಂದು ಊರಲ್ಲಿ ಬೆಳಗಾಗುತ್ತಿತ್ತು. ಹೆಂಗಸರು ಅಳಲು ಶುರು ಮಾಡಿದರೆ ತಾತ ಅಲ್ಲೇ ನಿಂತು ಬೆಳೆಸುತ್ತಿದ್ದರು, ಹಿಂದೆ ಕೂತವರು ದನಿ ಕೂಡಿಸುತ್ತಿದ್ದರು. ಅದನ್ನು ತಪ್ಪು ಅಂತ ಯಾರೂ ಅನ್ನಲಿಲ್ಲ. ಕಂಸಾಳೆಯನ್ನು ಕಣ್ಣಿಗೆ ಒತ್ತಿಕೊಂಡೇ ಕೈಗೆ ತೆಗೆದುಕೊಳ್ಳುತ್ತಿದ್ದರು. ಭಕ್ತಿಗೆ ಏನು ಕಮ್ಮಿ ಇತ್ತು?

ಸ್ವರದ ಹುಡುಗಿ: ಕಮ್ಮಿ ಅನ್ನಲೇ ಇಲ್ಲ ಅಣ್ಣ. ಆದರೆ ಅದು ಕಥೆ, ಇದು ಏರಿ ಕಾಯುವ ಮಾತು. ಮಾತು ಬದಲಾದರೆ ಏರಿ ಒಡೆಯುತ್ತದೆ ಅಂತ ಆ ಜನ ನಂಬಿದ್ದಾರೆ ಅಲ್ವಾ?

ಕಂಸಾಳೆ ಮೊಮ್ಮಗ: ನಂಬಲಿ. ಮಾತು ಹಾಗೇ ಉಳಿದು ಅರ್ಥ ಬದಲಾದರೆ?

ಏರಿಹಾದಿ: ಇದನ್ನು ಓದಿ ನಿನ್ನೆ ರಾತ್ರಿ ನಿದ್ದೆ ಬರಲಿಲ್ಲ. ಬೆಳಗ್ಗೆ ಎದ್ದು ತ್ರಿಪದಿಯಲ್ಲಿ ಒಂದು ಬರೆದೆ. ನೋಡಿ:

ನೀರುಂಡ ನೆಲದವ್ವ ಬಾಯ್ತೆರೆಯ ಬೇಡವ್ವ
ಏರಿಯನು ಕಾಯೆ ಮಳೆನಿಲ್ಲೊ ತನಕವೂ
ನೂರುತಲೆ ಎಣಿಸಿ ಕೊಡತೀನಿ

ಮುಂಗಾರುಮನೆ: ಇದು ಕನ್ನಡ, ನಾನು ಬೇಡ ಅಂದಿದ್ದೇ ಇದು. ಆದರೂ ಮೂರು ಸಲ ಜೋರಾಗಿ ಹೇಳಿಕೊಂಡೆ. ಪ್ರಾಸ ಮೂರು ಸಾಲಿನಲ್ಲೂ ಎರಡನೇ ಅಕ್ಷರಕ್ಕೇ ಬಂದಿದೆ, ಬಾಯಲ್ಲಿ ಉಳಿಯುತ್ತದೆ. ಬಾದಾಮಿಯ ಕಪ್ಪೆ ಅರಭಟ್ಟನ ಶಾಸನದಲ್ಲಿ, ಅಂದರೆ ಸುಮಾರು ಕ್ರಿ.ಶ. 700ರಲ್ಲೇ ತ್ರಿಪದಿ ಕಲ್ಲಿಗೆ ಹತ್ತಿತ್ತು. ಬೀಸುವ ಕಲ್ಲಿನ ಮುಂದೆಯೂ ಅದೇ. ಸೋತೆ ಅನ್ನುವುದಿಲ್ಲ, ಆದರೆ ಇದನ್ನು ಇಟ್ಟುಕೊಳ್ಳಿ.

ಜಾಲಿಮರ: ನೂರು ತಲೆ ಅಂದರೆ ಏನು? ಕುರಿಯಾ? ಮನುಷ್ಯರಾ?

ಏರಿಹಾದಿ: ರಾಗಿ ತೆನೆ ಅಂತ ಅಂದುಕೊಂಡು ಬರೆದೆ. ಹೊಸ ಬೆಳೆಯ ಮೊದಲ ನೂರು ತೆನೆ.

ಕಂಸಾಳೆ ಮೊಮ್ಮಗ: ಹಾಗಂತ ಎಲ್ಲೂ ಬರೆಯಬೇಡಿ! ಮೊದಲು ಅದು ಬೇರೆ ಏನೋ ಆಗಿದ್ದಿರಬಹುದು ಅಲ್ವಾ. ಕೆರೆಗೆ ಬಲಿ ಕೊಟ್ಟ ಕಥೆ ನಮ್ಮ ಕಡೆ ಎಷ್ಟೋ ಊರಲ್ಲಿವೆ. ಹಾಡುವವರು ತೆನೆ ಅಂದುಕೊಂಡೇ ಹಾಡಲಿ.

ಸ್ವರದ ಹುಡುಗಿ: ಅಯ್ಯೋ, ಹೌದು. ಒಂದು ಅಕ್ಷರವೂ ತಪ್ಪದ ಹಾಗೆ ಕಾದುಕೊಂಡು ಬಂದಿದ್ದಾರೆ, ಏನನ್ನು ಕಾದರು ಅನ್ನುವುದನ್ನೇ ಮರೆತಿದ್ದಾರೆ. ಒಪ್ಪಿದೆ ಅಣ್ಣ. ನನ್ನದೂ ಇರಲಿ, ನಿಮ್ಮದೂ ಇರಲಿ.

ಜಾಲಿಮರ: ಹಾಗಾದರೆ ಆ ಮುನ್ನೂರು ಪದ?

ಏರಿಹಾದಿ: ಒಂದೇ ಒಂದು ಉಳಿಸಿಕೊಳ್ಳುತ್ತೇನೆ. ಮೂರನೇ ಸಾಲಿನ ‘ತಲೆ’ಯ ಜಾಗದಲ್ಲಿ. ಆ ಮನೆಗೆ ಹೊಸದಾಗಿ ಬಂದ ಸೊಸೆ ಏಳನೇ ರಾತ್ರಿ ಅದರ ಅರ್ಥ ಕೇಳುತ್ತಾಳೆ, ಅತ್ತೆ ದೀಪಕ್ಕೆ ಎಣ್ಣೆ ಹಾಕುತ್ತಾ ಕೂರುತ್ತಾಳೆ. ಅಲ್ಲಿಂದ ಮತ್ತೆ ಬರೆಯಬೇಕು.