ಬಿಯೆಲ್ಲೊ ಎಂಬ ಖಾಯಂ ಪ್ರಭಾರಿ

ಮಾರೊ ಬಿಯೆಲ್ಲೊ ಅದೃಷ್ಟವಂತರೋ ನತದೃಷ್ಟರೋ ಎಂಬ ವ್ಯಾಜ್ಯವನ್ನು ತೀರ್ಮಾನಿಸಿಕೊಡಿ ಎಂದು ನಮ್ಮನ್ನು ಯಾರೂ ಕೇಳಿಕೊಂಡಿರಲಿಲ್ಲ. ಆದರೆ ಮಿಸಿಸಾಗಾದ ನಮ್ಮ ಶನಿವಾರದ ಕೂಟವು ಯಾರೂ ಕೇಳದ ವಿಷಯಗಳಲ್ಲಿಯೇ ಅತ್ಯಂತ ದೃಢವಾದ ತೀರ್ಪು ಕೊಡುತ್ತ ಬಂದಿರುವುದರಿಂದ, ಕೆನಡಾ ಪುರುಷರ ಫುಟ್‌ಬಾಲ್ ತಂಡದ ಈ ಸಹಾಯಕ ಕೋಚ್‌ನ ಪ್ರಕರಣವನ್ನೂ ಸಂತೋಷದಿಂದಲೇ ಕೈಗೆತ್ತಿಕೊಂಡಿತು. ನತದೃಷ್ಟರೆಂದು ವಾದಿಸಲು ಮೇಷ್ಟ್ರು ನಿಂತರು. ಅವರು ಬಹುಕಾಲ ಮಾಂಟ್ರಿಯಲ್‌ನಲ್ಲಿದ್ದು, ಕೆಲಸದ ನಿಮಿತ್ತ ಈ ಕಡೆಗೆ ಬಂದರೂ ಮನಸ್ಸನ್ನು ಅಲ್ಲಿಯೇ ಬಿಟ್ಟವರು. ಎದುರು ಪಕ್ಷದಲ್ಲಿ ಗೌಡರು. ಟೊರಾಂಟೊ ಎಫ್‌ಸಿಯ ಕೆಂಪು ಮಫ್ಲರನ್ನು ಜುಲೈ ತಿಂಗಳಿನಲ್ಲಿಯೂ ಕೊರಳಿನಿಂದ ತೆಗೆಯದ ಮನುಷ್ಯ. ಕಂದಾಯ ಇಲಾಖೆಯಿಂದ ನಿವೃತ್ತರಾಗಿ ಮಗನ ಮನೆಗೆ ಬಂದಿರುವ ರಾಯರಿಗೆ ಫುಟ್‌ಬಾಲ್ ಏನೂ ಗೊತ್ತಿಲ್ಲವಾದ್ದರಿಂದ ಅವರನ್ನೇ ನ್ಯಾಯಾಧೀಶರನ್ನಾಗಿ ಕೂರಿಸಲಾಯಿತು. ಅಂಕಿಸಂಖ್ಯೆಗಳನ್ನು ತಿದ್ದುವ ಹೊಣೆಯನ್ನು ಡಾಕ್ಟರಮ್ಮ ತಾವಾಗಿಯೇ ಹೊತ್ತುಕೊಂಡರು.

ಮೇಷ್ಟ್ರು ಮೊದಲಿಗೆ ಜಾತಕ ಬಿಚ್ಚಿದರು. ಇಟಲಿ ಮೂಲದ ಕುಟುಂಬದ ಬಿಯೆಲ್ಲೊ ಹುಟ್ಟಿದ್ದು 1972ರಲ್ಲಿ, ಮಾಂಟ್ರಿಯಲ್‌ನಲ್ಲಿಯೇ. ಮಿಡ್‌ಫೀಲ್ಡ್‌ನಲ್ಲಿ, ಎಂದರೆ ಹಿಂದಿನವರಿಂದ ಚೆಂಡು ಪಡೆದು ಮುಂದಿನವರಿಗೆ ದಾಟಿಸುವ ಜಾಗದಲ್ಲಿ ಆಡುತ್ತಿದ್ದ ಅವರು 1991ರಲ್ಲಿ ಮಾಂಟ್ರಿಯಲ್ ಸುಪ್ರಾ ಎಂಬ ತಂಡವನ್ನು ಸೇರಿದರು. ಮರುವರ್ಷದ ಋತು ಮುಗಿಯುತ್ತಿದ್ದಂತೆ ಆ ತಂಡವಷ್ಟೇ ಅಲ್ಲ, ಅದು ಆಡುತ್ತಿದ್ದ ಕೆನಡಾದ ಲೀಗೇ ಬಾಗಿಲು ಹಾಕಿತು.

“ಕೆಲಸಕ್ಕೆ ಸೇರಿದ ಮರುವರ್ಷವೇ ಇಲಾಖೆ ರದ್ದಾಯಿತು ಎನ್ನಿ,” ಎಂದು ರಾಯರು ಕಣ್ಣು ಮುಚ್ಚಿಕೊಂಡೇ ಹೇಳಿದರು. “ಮುಂದೆ ಎಲ್ಲಿಗೆ ಹಾಕಿದರು?”

ಹಾಕುವುದಕ್ಕೆ ಜಾಗವೇ ಇರಲಿಲ್ಲ ಎಂಬುದು ಮೇಷ್ಟ್ರ ವಾದದ ತಿರುಳು. ಕೆನಡಾಕ್ಕೆ ತನ್ನದೇ ಆದ ವೃತ್ತಿಪರ ರಾಷ್ಟ್ರೀಯ ಲೀಗ್ ಮತ್ತೆ ದೊರೆತದ್ದು 2019ರಲ್ಲಿ. ನಡುವಿನ ಇಡೀ ಕಾಲು ಶತಮಾನ ಇಲ್ಲಿನ ಆಟಗಾರನು ಒಂದೋ ವಿಮಾನ ಹತ್ತಿ ಯುರೋಪಿಗೆ ಹೋಗಬೇಕು, ಇಲ್ಲವೇ ಅಮೆರಿಕದವರ ಲೀಗುಗಳಲ್ಲಿ ಸಿಕ್ಕ ಕಡೆ ಆಡಬೇಕು, ಚಳಿಗಾಲದಲ್ಲಿ ಐಸ್ ಹಾಕಿಯ ಅಂಗಳದಷ್ಟೇ ಜಾಗದಲ್ಲಿ, ಸುತ್ತ ಹಲಗೆ ಗೋಡೆ ಕಟ್ಟಿದ ಒಳಾಂಗಣ ಫುಟ್‌ಬಾಲ್ ಆಡಿ ಮನೆ ಬಾಡಿಗೆ ಕಟ್ಟಬೇಕು. 1993ರಲ್ಲಿ ಸಪುಟೊ ಕುಟುಂಬದವರು, ಈ ದೇಶದಲ್ಲಿ ಚೀಸ್ ಕೊಂಡವರಿಗೆಲ್ಲ ಪರಿಚಿತವಾದ ಅದೇ ಸಪುಟೊ, ಮಾಂಟ್ರಿಯಲ್ ಇಂಪ್ಯಾಕ್ಟ್ ತಂಡ ಕಟ್ಟಿದರು. ಬಿಯೆಲ್ಲೊ ಅದನ್ನು ಸೇರಿದವರು 2009ರ ವರೆಗೆ ಅಲ್ಲಿಯೇ ಉಳಿದರು. 1999ರಲ್ಲಿ ತಂಡವು ಒಂದು ಋತು ಆಡದೆ ಕುಳಿತಾಗ ಮಾತ್ರ ಗಡಿಯಾಚೆಯ ರಾಚೆಸ್ಟರ್‌ಗೆ ಹೋಗಿ ಆಡಿ, ತಂಡ ಎದ್ದ ಕೂಡಲೇ ಮರಳಿದರು. 1994, 2004, 2009, ಈ ಮೂರು ವರ್ಷಗಳ ಚಾಂಪಿಯನ್ ತಂಡಗಳಲ್ಲಿಯೂ ಅವರಿದ್ದರು, ಅವರ 20ನೇ ಸಂಖ್ಯೆಯ ಅಂಗಿಯನ್ನು ಕ್ಲಬ್ಬು ನಿವೃತ್ತಿಗೊಳಿಸಿತು.

“ಎಲ್ಲವೂ ಎರಡನೆಯ ದರ್ಜೆಯ ಲೀಗ್,” ಎಂದು ಗೌಡರು ಮೊದಲ ಬಾಣ ಬಿಟ್ಟರು. “ದೇಶದ ತಂಡಕ್ಕೆ ಆಡಿದ್ದೂ ಬೆರಳೆಣಿಕೆಯಷ್ಟು ಪಂದ್ಯ. ಅಮೆರಿಕ-ಕೆನಡಾದ ಮೊದಲ ದರ್ಜೆಯ ಲೀಗ್ ಆದ ಮೇಜರ್ ಲೀಗ್ ಸಾಕರ್ ಮಾಂಟ್ರಿಯಲ್‌ಗೆ ಬಂದದ್ದು 2012ರಲ್ಲಿ.”

“ಅದನ್ನೇ ನಾನು ಹೇಳುತ್ತಿರುವುದು!” ಎಂದು ಮೇಷ್ಟ್ರು ಹಾರಿಬಿದ್ದರು. “ಹದಿನೇಳು ವರ್ಷ ಕಾದ ಮನುಷ್ಯ ಬೂಟು ಕಳಚಿ ಮೂರನೆಯ ವರ್ಷಕ್ಕೆ ಅದು ಬರಬೇಕೇ?”

ಎದುರಾಳಿಯ ಆರೋಪವನ್ನೇ ತಮ್ಮ ಸಾಕ್ಷ್ಯವನ್ನಾಗಿ ಮಾಡಿಕೊಂಡ ಮೇಷ್ಟ್ರ ಚಾತುರ್ಯವನ್ನು ನಾವು ಮೆಚ್ಚಿದೆವು. ಆದರೆ ನನಗೆ ಸ್ವಾರಸ್ಯವೆನಿಸಿದ್ದು ಅದರ ಮುಂದಿನ ಘಟ್ಟ. ಆಟಗಾರನಾಗಿ ಪ್ರವೇಶ ಸಿಗದ ಲೀಗಿಗೆ ಬಿಯೆಲ್ಲೊ ಸಹಾಯಕ ಕೋಚ್ ಆಗಿ ಪ್ರವೇಶಿಸಿದರು, ಮತ್ತು ಅಲ್ಲಿ ಕುಳಿತಲ್ಲಿಯೇ ಸಾಹೇಬರುಗಳು ಬಂದು ಹೋಗುವುದನ್ನು ನೋಡುತ್ತಿದ್ದರು. 2012ರಲ್ಲಿ ಅಮೆರಿಕದ ಜೆಸ್ಸಿ ಮಾರ್ಶ್ ಬಂದರು, ಒಂದೇ ಋತುವಿಗೆ ಹೊರಟರು. 2013ರಲ್ಲಿ ಸ್ವಿಟ್ಜರ್ಲೆಂಡಿನ ಮಾರ್ಕೊ ಶಾಲಿಬಾಮ್ ಬಂದರು, ಅವರೂ ಒಂದೇ ಋತು. ಬಳಿಕ ಬಂದ ಫ್ರಾಂಕ್ ಕ್ಲೋಪಾಸ್ ಅವರನ್ನು 2015ರ ಆಗಸ್ಟ್ 30ರಂದು ತೆಗೆದಾಗ ಹಂಗಾಮಿ ಕೋಚ್ ಆಗಿ ಬಿಯೆಲ್ಲೊ ಅವರ ಹೆಸರು ಹೊರಬಿತ್ತು.

ಇಲ್ಲಿ ರಾಯರು ಕಣ್ಣು ತೆರೆದರು. ಪ್ರಕರಣವು ಕೊನೆಗೂ ಅವರ ವ್ಯಾಪ್ತಿಗೆ ಬಂದಿತ್ತು.

“ಹಂಗಾಮಿ ಗಿಂಗಾಮಿ ಎನ್ನಬೇಡಿ, ಇದು ಶುದ್ಧ ಪ್ರಭಾರ,” ಎಂದರು. “ತಹಸೀಲ್ದಾರರು ವರ್ಗವಾಗಿ ಹೋದ ದಿನ ಉಪ ತಹಸೀಲ್ದಾರನಿಗೆ ಕುರ್ಚಿ ತೋರಿಸುತ್ತಾರೆ. ಸಹಿ ಅವನದು, ಬೈಗುಳ ಅವನದು, ಫಲಕದ ಮೇಲಿನ ಹೆಸರು ಮಾತ್ರ ಖಾಲಿ. ಮೂವರು ಅಧಿಕಾರಿಗಳ ಕೈಕೆಳಗೆ ಪಳಗಿದವನಿಗೆ ಯಾವ ಕಡತ ಯಾವ ಬೀರುವಿನಲ್ಲಿದೆ ಎಂಬುದು ಹೊಸಬನಿಗಿಂತ ಚೆನ್ನಾಗಿ ಗೊತ್ತಿರುತ್ತದೆ. ಹಾಗೆ ಗೊತ್ತಿರುವುದರಿಂದಲೇ ಅವನನ್ನು ಖಾಯಂ ಮಾಡುವುದಿಲ್ಲ. ಸರಿ, ಪ್ರಭಾರ ವಹಿಸಿಕೊಂಡ ಮೊದಲ ದಿನ ಏನಾಯಿತು?”

ಮೊದಲ ದಿನ ನಡೆದದ್ದು ದ್ರೋಗ್ಬಾ. ಆ ಬೇಸಿಗೆಯಲ್ಲಿ ಮಾಂಟ್ರಿಯಲ್‌ಗೆ ಬಂದಿದ್ದ, ಚೆಲ್ಸಿ ತಂಡಕ್ಕೆ 2012ರಲ್ಲಿ ಚಾಂಪಿಯನ್ಸ್ ಲೀಗ್ ಗೆದ್ದುಕೊಟ್ಟಿದ್ದ ದಿದಿಯೆ ದ್ರೋಗ್ಬಾ, ಸೆಪ್ಟೆಂಬರ್ 5ರಂದು ಷಿಕಾಗೊ ವಿರುದ್ಧ ಮೂರು ಗೋಲು ಹೊಡೆದರು. ಇಂಪ್ಯಾಕ್ಟ್ 4-3ರಿಂದ ಗೆದ್ದಿತು. ಆ ಋತುವಿನ ಲೀಗ್ ಪಂದ್ಯಗಳಲ್ಲಿ ಹನ್ನೊಂದು ಆಡಿ ಹನ್ನೊಂದು ಗೋಲು. ಲೀಗ್ ಪಂದ್ಯಗಳು ಮುಗಿದ ಬಳಿಕ ಮುಂದಿನ ಸ್ಥಾನಗಳಲ್ಲಿದ್ದ ತಂಡಗಳು ಪ್ರಶಸ್ತಿಗಾಗಿ ಆಡುವ ಪ್ಲೇಆಫ್‌ನ ಮೊದಲ ಸುತ್ತಿನಲ್ಲಿ ಟೊರಾಂಟೊವನ್ನು 3-0ರಿಂದ ಮಣಿಸಿದ್ದನ್ನು ಮೇಷ್ಟ್ರು ಎರಡು ಸಲ ಹೇಳಿದರು. ಎರಡನೆಯ ಸಲ ಗೌಡರ ಮಫ್ಲರಿನ ಕಡೆಗೆ ನೋಡಿಕೊಂಡು ಹೇಳಿದರು. ರಾಯರ ಸಿದ್ಧಾಂತಕ್ಕೆ ವಿರುದ್ಧವಾಗಿ ಕ್ಲಬ್ಬು ಬಿಯೆಲ್ಲೊ ಅವರನ್ನು ಖಾಯಂ ಮಾಡಿತು. “ಆಡಿಟ್‌ನಲ್ಲಿ ಸಿಕ್ಕಿಬೀಳುತ್ತಾರೆ,” ಎಂದಷ್ಟೇ ರಾಯರು ಹೇಳಿದರು.

ಆಡಿಟ್ ಬಂದದ್ದು 2016ರ ಅಕ್ಟೋಬರ್‌ನಲ್ಲಿ. ವಯಸ್ಸಾಗುತ್ತಿದ್ದ ದ್ರೋಗ್ಬಾ ಬದಲಿಗೆ ಮತ್ತೆಯೊ ಮಾಂಕೊಸು ಎಂಬ ಇಟಲಿಯ ಆಟಗಾರನನ್ನು ಆರಂಭದಿಂದ ಆಡಿಸಲು ಬಿಯೆಲ್ಲೊ ನಿರ್ಧರಿಸಿದರು. ಟೊರಾಂಟೊ ವಿರುದ್ಧದ ಪಂದ್ಯಕ್ಕೆ ತಾನು ಮೊದಲ ಹನ್ನೊಂದರಲ್ಲಿ ಇಲ್ಲವೆಂಬುದನ್ನು ದ್ರೋಗ್ಬಾ ಒಪ್ಪಲಿಲ್ಲ, ಬದಲಿ ಆಟಗಾರನಾಗಿ ಕೂರುವುದಕ್ಕೂ ಒಪ್ಪಲಿಲ್ಲ. ಬಿಯೆಲ್ಲೊ ಅದನ್ನು ಮುಚ್ಚಿಡದೆ ಪತ್ರಕರ್ತರ ಮುಂದೆ ಹೇಳಿದರು. ನನ್ನನ್ನು ಕೇಳಿದರೆ, ಆಟಗಾರನೊಬ್ಬ ಕೋಚ್ ಆಗುವುದು ಪ್ರಮಾಣಪತ್ರ ಪಡೆದ ದಿನವಲ್ಲ, ಇಂಥ ದಿನ. ಆಡುವ ಕಾಲದಲ್ಲಿ ದ್ರೋಗ್ಬಾ ಸಾಲಿನವರನ್ನು ದೂರದರ್ಶನದಲ್ಲಿ ನೋಡಿದ ಎರಡನೆಯ ದರ್ಜೆಯ ಮಿಡ್‌ಫೀಲ್ಡರ್, ಅವರನ್ನು ಎದುರಿಗೆ ಕೂರಿಸಿಕೊಂಡು “ಇವತ್ತು ನೀವು ಬೇಡ” ಎನ್ನುವುದಕ್ಕೆ ಎಷ್ಟು ಧೈರ್ಯ ಬೇಕೆಂಬುದನ್ನು ಗೌಡರೂ ಅಲ್ಲಗಳೆಯಲಿಲ್ಲ. ರಾಯರಂತೂ ಉಪ ತಹಸೀಲ್ದಾರನು ಮಂತ್ರಿಗಳಿಗೆ ನೋಟೀಸು ಕೊಟ್ಟ ವಾರ್ತೆ ಕೇಳಿದವರಂತೆ ಎದ್ದು ಕುಳಿತರು.

“ನಿರ್ಧಾರ ಸರಿಯಾಗಿತ್ತೆಂದು ಪ್ಲೇಆಫ್ ತೋರಿಸಿತು,” ಎಂದು ಡಾಕ್ಟರಮ್ಮ ನಡುವೆ ಬಂದರು. “ಪೂರ್ವ ವಿಭಾಗದ ಸೆಮಿಫೈನಲ್‌ನ ಮೊದಲ ಪಂದ್ಯದಲ್ಲಿ ನ್ಯೂಯಾರ್ಕ್ ರೆಡ್ ಬುಲ್ಸ್ ಮೇಲೆ ಬಿದ್ದದ್ದು ಒಂದೇ ಗೋಲು, ಹೊಡೆದವನು ಮಾಂಕೊಸು. ಎರಡನೆಯದರಲ್ಲಿ ನಮ್ಮವನೇ ಆದ ಪಿಯಾಟಿ ಎರಡು ಹೊಡೆದ. ರೆಡ್ ಬುಲ್ಸ್‌ನ ಕೋಚ್ ಯಾರಿದ್ದರು ಹೇಳಿ?”

ಜೆಸ್ಸಿ ಮಾರ್ಶ್! ತಮ್ಮ ಹಳೆಯ ಸಾಹೇಬರನ್ನೇ, ಅದೂ ವಿಭಾಗದಲ್ಲಿ ಮೊದಲ ಸ್ಥಾನದಲ್ಲಿದ್ದ ಅವರ ತಂಡವನ್ನು, ಹಳೆಯ ಸಹಾಯಕ ಮನೆಗೆ ಕಳಿಸಿದ್ದರು. ಈ ಹೆಸರನ್ನು ನೆನಪಿನಲ್ಲಿಟ್ಟುಕೊಳ್ಳಿ ಎಂದು ಡಾಕ್ಟರಮ್ಮ ಬೆರಳೆತ್ತಿ ಹೇಳಿ ಚಕ್ಕುಲಿಯ ಕಡೆಗೆ ತಿರುಗಿದರು.

ವಿಭಾಗದ ಫೈನಲ್‌ನಲ್ಲಿ ಮಾಂಟ್ರಿಯಲ್‌ಗೆ ಎದುರಾದದ್ದು ಟೊರಾಂಟೊ. ಮೊದಲ ಪಂದ್ಯ ನವೆಂಬರ್ 22ರಂದು ಒಲಿಂಪಿಕ್ ಕ್ರೀಡಾಂಗಣದಲ್ಲಿ. 1976ರ ಒಲಿಂಪಿಕ್ಸ್‌ಗೆ ಕಟ್ಟಿ, ಅದರ ಸಾಲವನ್ನು ಕ್ವಿಬೆಕ್‌ನ ಜನ 2006ರ ವರೆಗೂ ತೀರಿಸಿದ ಕಟ್ಟಡ ಅದು. ಅರವತ್ತೊಂದು ಸಾವಿರ ಜನ ಸೇರಿದ್ದರು. ಆಟಗಾರರು ಸಿದ್ಧರಾಗಿದ್ದರು. ಆಗ ಯಾರದೋ ಕಣ್ಣಿಗೆ ಬಿತ್ತು: ಗೋಲಿನ ಮುಂದಿನ ಪೆನಾಲ್ಟಿ ಚೌಕದ ಗೆರೆಗಳನ್ನು ತಪ್ಪಾಗಿ ಎಳೆಯಲಾಗಿತ್ತು, ನಲವತ್ತನಾಲ್ಕು ಗಜ ಅಗಲವಿರಬೇಕಾದ ಚೌಕ ಅಷ್ಟು ಅಗಲವಿರಲಿಲ್ಲ. ನಲವತ್ತು ನಿಮಿಷದಷ್ಟು ಕಾಲ ಆ ಮಹಾಜನಸ್ತೋಮವು, ಕೆಲವರು ಬಗ್ಗಿ ಹಳೆಯ ಬಿಳಿ ಗೆರೆಗೆ ಹಸಿರು ಬಳಿದು ಹೊಸ ಬಿಳಿ ಗೆರೆ ಎಳೆಯುವುದನ್ನು ವೀಕ್ಷಿಸಿತು.

ರಾಯರಿಗೆ ಇದಕ್ಕಿಂತ ಸಂತೋಷದ ಸುದ್ದಿ ಕೆನಡಾದಲ್ಲಿ ದೊರೆತಿರಲಿಲ್ಲ. “ಹದ್ದುಬಸ್ತು ಮಾಡಿಸದೆ ಆಟಕ್ಕೆ ಇಳಿದರೇ?” ಎಂದು ಅವರು ನಗುತ್ತ ಕೆಮ್ಮತೊಡಗಿದರು. “ಎರಡೂ ಕಡೆಯವರಿಗೆ ನೋಟೀಸು ಕೊಟ್ಟು, ಸರ್ವೆಯರ್ ಎದುರಿಗೆ ಚೈನು ಎಳೆದು, ಪಂಚನಾಮೆ ಬರೆಸಬೇಕಿತ್ತು. ಅಳತೆ ತಪ್ಪಿದ ಜಮೀನಿನಲ್ಲಿ ಗೆದ್ದ ಬೆಳೆ ಉಳಿಯುವುದಿಲ್ಲ.”

ಉಳಿಯಲಿಲ್ಲ. ಮಾಂಟ್ರಿಯಲ್ 3-0ರಿಂದ ಮುಂದಿದ್ದು, ಎರಡು ಗೋಲು ಬಿಟ್ಟುಕೊಟ್ಟು 3-2ರಲ್ಲಿ ಮುಗಿಸಿತು. ನವೆಂಬರ್ 30ರಂದು ಟೊರಾಂಟೊದಲ್ಲಿ ಎರಡನೆಯ ಪಂದ್ಯ ತೊಂಬತ್ತು ನಿಮಿಷಕ್ಕೆ 3-2, ಒಟ್ಟು 5-5. ಎರಡು ಪಂದ್ಯಗಳ ಒಟ್ಟು ಗೋಲು ಸಮವಾದರೆ ಎದುರಾಳಿಯ ಅಂಗಳದಲ್ಲಿ ಹೆಚ್ಚು ಗೋಲು ಹೊಡೆದವರು ಗೆದ್ದಂತೆ ಎಂಬುದು ನಿಯಮ, ಆ ಗೋಲುಗಳೂ ಸರಿಸಮ. ಹೆಚ್ಚುವರಿ ಅವಧಿಯಲ್ಲಿ, ಟೊರಾಂಟೊ ತಂಡದ ಗಾಯಗೊಂಡ ಜೊವಿಂಕೊ ಬದಲಿಗೆ ಬಂದ ಬೆನ್ವಾ ಶೆರು ಅಂಗಳಕ್ಕೆ ಇಳಿಯುತ್ತಿದ್ದಂತೆಯೇ ತಲೆಯಿಂದ ಗೋಲು ಹೊಡೆದರು. ಎರಡು ನಿಮಿಷದಲ್ಲಿ ರಿಕೆಟ್ಸ್ ಇನ್ನೊಂದು. ಒಟ್ಟು 7-5. ಗೌಡರು ಇದನ್ನು ಎದ್ದು ನಿಂತು, ಮಫ್ಲರನ್ನು ಎರಡೂ ಕೈಯಲ್ಲಿ ಹಿಡಿದು ವಿವರಿಸಿದರು. ಫೈನಲ್‌ನಲ್ಲಿ ಅದೇ ಟೊರಾಂಟೊ, ಗೋಲಿನತ್ತ ಒಂದೇ ಒಂದು ಗುರಿಯಿಟ್ಟ ಹೊಡೆತವನ್ನೂ ಹೊಡೆಯದ ಸಿಯಾಟಲ್‌ಗೆ ಪೆನಾಲ್ಟಿಗಳಲ್ಲಿ ಸೋತದ್ದನ್ನು ಮೇಷ್ಟ್ರು ಕುಳಿತೇ ನೆನಪಿಸಿದರು. ಗೌಡರೂ ಕುಳಿತರು.

ಮುಂದಿನದು ಬೇಗ ಮುಗಿಯುವ ಕಥೆ. 2017ರಲ್ಲಿ ಪ್ಲೇಆಫ್ ತಪ್ಪಿತು, ಅಕ್ಟೋಬರ್‌ನಲ್ಲಿ ಕೆಲಸ ಹೋಯಿತು. 2018ರಲ್ಲಿ ರಾಷ್ಟ್ರೀಯ ತಂಡದ ಕೋಚ್ ಆದ ಜಾನ್ ಹರ್ಡ್‌ಮನ್ ಅವರಿಗೆ ಬಿಯೆಲ್ಲೊ ಸಹಾಯಕರಾದರು. 2021ರಲ್ಲಿ 23ರೊಳಗಿನವರ ತಂಡವನ್ನು ಒಲಿಂಪಿಕ್ ಅರ್ಹತಾ ಟೂರ್ನಿಗೆ ಮೆಕ್ಸಿಕೊದ ಗ್ವಾದಲಹಾರಾಕ್ಕೆ ಕರೆದೊಯ್ದರು. ಗೆದ್ದರೆ ಟೋಕಿಯೊ ಎನ್ನುವ ಸೆಮಿಫೈನಲ್‌ನಲ್ಲಿ ಆತಿಥೇಯರೇ ಎದುರಾಗಿ 2-0ರಿಂದ ಸೋಲಿಸಿದರು. ಹರ್ಡ್‌ಮನ್ ಜೊತೆ 1986ರ ನಂತರದ ಮೊದಲ ವಿಶ್ವಕಪ್‌ಗೆ ಹೋಗಿ ಬಂದರು. 2023ರ ಆಗಸ್ಟ್‌ನಲ್ಲಿ ಹರ್ಡ್‌ಮನ್ ಹೊರಟರು, ಅದೂ ಟೊರಾಂಟೊ ಎಫ್‌ಸಿಗೆ.

“ಮತ್ತೆ ಪ್ರಭಾರ,” ಎಂದರು ರಾಯರು, ಯಾರೂ ಹೇಳುವ ಮೊದಲೇ.

ಈ ಸಲದ ಪ್ರಭಾರದಲ್ಲಿ ಮೊದಲ ಪಂದ್ಯ ಜಪಾನ್ ವಿರುದ್ಧ 4-1ರ ಸೋಲು. ನವೆಂಬರ್‌ನಲ್ಲಿ ಜಮೈಕಾವನ್ನು ಕಿಂಗ್‌ಸ್ಟನ್‌ನಲ್ಲಿ 2-1ರಿಂದ ಗೆದ್ದು ಬಂದು, ಟೊರಾಂಟೊದಲ್ಲಿ 3-2ರಿಂದ ಸೋತರು. ಒಟ್ಟು 4-4. ಯುರೋಪಿನವರು 2021ರಲ್ಲಿಯೇ ಕೈಬಿಟ್ಟಿದ್ದ ಎದುರಾಳಿ ಅಂಗಳದ ಗೋಲಿನ ನಿಯಮ ಇಲ್ಲಿ ಇನ್ನೂ ಜೀವಂತವಿದ್ದುದರಿಂದ ದಕ್ಷಿಣ ಅಮೆರಿಕದ ದೇಶಗಳ ದೊಡ್ಡ ಟೂರ್ನಿಯಾದ ಕೋಪಾ ಅಮೆರಿಕದ ನೇರ ಪ್ರವೇಶ ಜಮೈಕಾದ ಪಾಲಾಯಿತು. “ಟೊರಾಂಟೊ ಎಂಬ ಊರೇ ಅವರಿಗೆ ಆಗಿಬರುವುದಿಲ್ಲ,” ಎಂದು ಮೇಷ್ಟ್ರು ನಿಟ್ಟುಸಿರಿಟ್ಟರು. ಉಳಿದ ಒಂದೇ ದಾರಿಯಾಗಿದ್ದ ಪಂದ್ಯವನ್ನು 2024ರ ಮಾರ್ಚ್ 23ರಂದು ಟೆಕ್ಸಸ್‌ನ ಫ್ರಿಸ್ಕೊದಲ್ಲಿ ಟ್ರಿನಿಡಾಡ್ ಮತ್ತು ಟೊಬೆಗೊ ವಿರುದ್ಧ 2-0ರಿಂದ ಗೆದ್ದು, ಬಿಯೆಲ್ಲೊ ಕೆನಡಾಕ್ಕೆ ಕೋಪಾದ ಟಿಕೆಟ್ ತಂದುಕೊಟ್ಟರು. ಮೇ ತಿಂಗಳಿನಲ್ಲಿ ಖಾಯಂ ಕೋಚ್ ನೇಮಕವಾಯಿತು. ಬಂದವರು ಜೆಸ್ಸಿ ಮಾರ್ಶ್.

ಡಾಕ್ಟರಮ್ಮ ಎತ್ತಿದ್ದ ಬೆರಳಿನ ಅರ್ಥ ಆಗ ಎಲ್ಲರಿಗೂ ಆಯಿತು. 2012ರ ಸಾಹೇಬರು, 2016ರಲ್ಲಿ ಸೋತು ಹೋದವರು, 2024ರಲ್ಲಿ ಮತ್ತೆ ಅದೇ ಮನುಷ್ಯನ ಸಾಹೇಬರಾಗಿ ಬಂದಿದ್ದರು. ಬಿಯೆಲ್ಲೊ ಸಹಾಯಕರಾಗಿ ಉಳಿದರು. ಕೆನಡಾ ಆ ಕೋಪಾದಲ್ಲಿ ಸೆಮಿಫೈನಲ್ ತಲಪಿ ಅರ್ಜೆಂಟೀನಾದ ಎದುರು ಸೋತಿತು, ಹೊಗಳಿಕೆಯೆಲ್ಲ ಮಾರ್ಶ್‌ಗೆ ಹೋಯಿತು. ಇದಕ್ಕಿಂತ ದೊಡ್ಡ ಅನ್ಯಾಯ ಬೇಕೇ ಎಂದು ಮೇಷ್ಟ್ರು ವಾದ ಮುಗಿಸಿದರು.

ಗೌಡರ ಉತ್ತರ ನಮ್ಮೆಲ್ಲರನ್ನೂ ಬೆರಗುಗೊಳಿಸಿತು, ಏಕೆಂದರೆ ಅದರಲ್ಲಿ ಟೊರಾಂಟೊ ಎಂಬ ಶಬ್ದವೇ ಇರಲಿಲ್ಲ. “ಮೇಷ್ಟ್ರೇ, ಗೋಲಿಗೆ ಪಾಸು ಕೊಟ್ಟವನ ಹೆಸರಿಗೆ ಎಲ್ಲ ದೇಶದವರೂ ಅಸಿಸ್ಟ್ ಬರೆಯುತ್ತಾರೆ. ಮೇಜರ್ ಲೀಗ್ ಸಾಕರ್‌ನವರು ಐಸ್ ಹಾಕಿಯ ಪದ್ಧತಿ ಹಿಡಿದು, ಆ ಪಾಸು ಕೊಟ್ಟವನಿಗೆ ಚೆಂಡು ದಾಟಿಸಿದವನ ಹೆಸರಿಗೂ ಇನ್ನೊಂದು ಅಸಿಸ್ಟ್ ಬರೆದರು. ಯುರೋಪಿನವರಿಗೆ ಅದು ತಮಾಷೆ. ಫ್ರಿಸ್ಕೊದ ಗೆಲುವು ಅಂಥ ಪಾಸು. ಹಾಗೆ ಚೆಂಡು ದಾಟಿಸುವುದೇ ಮಿಡ್‌ಫೀಲ್ಡರನ ಕಸುಬು. ಆಡುವಾಗ ಮಾಡಿದ್ದನ್ನೇ ಕುರ್ಚಿಯ ಮೇಲೆ ಕುಳಿತೂ ಮಾಡುತ್ತಿದ್ದಾರೆ, ಅದಕ್ಕೆ ಸಂಬಳವೂ ಬರುತ್ತಿದೆ. ಇದರಲ್ಲಿ ನತದೃಷ್ಟತನ ಎಲ್ಲಿಂದ ಬಂತು? ಕೆಲಸ ಕಳೆದುಕೊಂಡದ್ದು ಖಾಯಂ ಆಗಿದ್ದಾಗ ಮಾತ್ರ!”

ಮೇಷ್ಟ್ರಿಗೆ ಉತ್ತರ ಹೊಳೆಯಲಿಲ್ಲ. ಮೌನ ಉದ್ದವಾಗುವುದನ್ನು ಕಂಡು ಡಾಕ್ಟರಮ್ಮ ಒಂದು ತಿದ್ದುಪಡಿ ಸೂಚಿಸಿದರು. 2025ರ ಮಾರ್ಚ್‌ನಲ್ಲಿ ಮೆಕ್ಸಿಕೊ ವಿರುದ್ಧ ಮಾರ್ಶ್ ಕೆಂಪು ಕಾರ್ಡು ತಿಂದುದರಿಂದ ಉತ್ತರ ಮತ್ತು ಮಧ್ಯ ಅಮೆರಿಕ ಹಾಗೂ ಕೆರಿಬಿಯನ್ ದೇಶಗಳ ಟೂರ್ನಿಯಾದ ಜೂನ್‌ನ ಗೋಲ್ಡ್ ಕಪ್‌ನ ಮೊದಲೆರಡು ಪಂದ್ಯಗಳಿಗೆ ಅಂಗಳದ ಬದಿಗೆ ಬರುವಂತಿರಲಿಲ್ಲ. ಅಲ್ಲಿ ನಿಂತವರು ಬಿಯೆಲ್ಲೊ. ಹೊಂಡುರಾಸ್ ವಿರುದ್ಧ 6-0 ಗೆಲುವು, ಕುರಸಾವ್ ವಿರುದ್ಧ 1-1 ಸಮ.

“ಎರಡು ಪಂದ್ಯಕ್ಕೂ ಪ್ರಭಾರವೇ?” ಎಂದು ರಾಯರು ಕನ್ನಡಕ ಸರಿಪಡಿಸಿಕೊಂಡರು. “ಹಾಗಾದರೆ ತೀರ್ಪು ಕೊಡುವ ಮೊದಲು ನನಗೊಂದು ದಾಖಲೆ ಬೇಕು. ಆ ಎರಡು ದಿನಗಳ ಪ್ರಭಾರ ಭತ್ಯೆಯನ್ನು ಮಂಜೂರು ಮಾಡಿದ್ದಾರೋ ಇಲ್ಲವೋ?”

ದಾಖಲೆ ಯಾರ ಬಳಿಯೂ ಇರಲಿಲ್ಲ. ರಾಯರು ಪ್ರಕರಣವನ್ನು ಮುಂದಿನ ಶನಿವಾರಕ್ಕೆ ಮುಂದೂಡಿದರು.